240 ಬಿಟ್ಟು 165 ಕೊಂಡೆ: ಗೇಮಿಂಗ್ ಮಾನಿಟರ್ ಆರಿಸಿದ ನನ್ನ ಅನುಭವ

ಸೆಕೆಂಡ್ ಹ್ಯಾಂಡ್ 165 ಹರ್ಟ್ಜ್ (ಸೆಕೆಂಡಿಗೆ 165 ಸಲ ಚಿತ್ರ ಬದಲಿಸುವ) ಐಪಿಎಸ್ (ಎಲ್‌ಸಿಡಿ ಪ್ಯಾನೆಲ್‌ನ ಒಂದು ಬಗೆ) ಮಾನಿಟರ್ ತೆಗೆದುಕೊಳ್ಳುತ್ತೇನೆ ಎಂದಾಗ ನಮ್ಮ ಗುಂಪಿನಲ್ಲಿ ನಕ್ಕವರೇ ಜಾಸ್ತಿ. "ಗುರು, ಎಲ್ಲರೂ 240ಕ್ಕೆ ಹೋಗ್ತಿದ್ರೆ ನೀನು ಹಿಂದಕ್ಕೆ ನಡೀತಿದ್ದೀಯಲ್ಲೋ" ಎಂದರು. ಈಗ ಅದೇ ಗುಂಪಿನ ಇಬ್ಬರು ನನ್ನ ಲೆಕ್ಕ ಕೇಳಿಸಿಕೊಂಡು ಹೋಗಿ ಅಂಥದ್ದನ್ನೇ ಕೊಂಡಿದ್ದಾರೆ. ಪ್ರತಿಯೊಬ್ಬರಿಗೂ ಬೇರೆ ಬೇರೆ ಹೇಳಿ ಸಾಕಾಗಿದೆ, ಒಂದೇ ಸಲ ಬರೆದುಬಿಡುತ್ತೇನೆ. ಜಿ-ಸಿಂಕ್ ಅಂದ್ರೇನು, ಪ್ಯಾನೆಲ್‌ಗಳಲ್ಲಿ ಎಷ್ಟು ಬಗೆ ಎಂಬುದನ್ನೆಲ್ಲ ಪೂರ್ತಿ ಬಿಡಿಸಿ ಹೇಳಲು ಹೋಗುವುದಿಲ್ಲ, ಬೇಕಾದಲ್ಲಿ ಒಂದು ಮಾತು ಹೇಳುತ್ತೇನೆ.

ಮೊದಲು ತರಿಸಿದ್ದು 240 ಹರ್ಟ್ಜ್‌ನದ್ದೇ. ವಿಎ (ಐಪಿಎಸ್‌ಗಿಂತ ಕಪ್ಪು ಗಾಢವಾಗಿ ಕಾಣುವ ಇನ್ನೊಂದು ಬಗೆ) ಪ್ಯಾನೆಲ್, ಬಾಗಿದ ಪರದೆ, ಡಬ್ಬದ ಮೇಲೆ ದಪ್ಪ ಅಕ್ಷರದಲ್ಲಿ '1 ಮಿಲಿಸೆಕೆಂಡ್'. ಬಿಸಿಲಿನ ಮ್ಯಾಪ್‌ಗಳಲ್ಲಿ ಅದರ ಮೇಲೆ ಒಂದು ದೂರೂ ಇರಲಿಲ್ಲ. ಕಾಂಟ್ರಾಸ್ಟ್ ಅಂತೂ ಭರ್ಜರಿ. ತಕರಾರು ಶುರುವಾಗಿದ್ದು ಕತ್ತಲಲ್ಲಿ. ಎಸ್ಕೇಪ್ ಫ್ರಮ್ ಟಾರ್ಕೊವ್ ಎಂಬ ಶೂಟಿಂಗ್ ಗೇಮ್‌ನ ರಾತ್ರಿ ರೇಡ್‌ಗೆ ಇಳಿದು ಕತ್ತು ಹೊರಳಿಸಿದರೆ ಸಾಕು, ಮರದ ಕಾಂಡಗಳ ಅಂಚೆಲ್ಲ ಒದ್ದೆ ಮಸಿಯನ್ನು ಕೈಯಲ್ಲಿ ಒರೆಸಿದ ಹಾಗೆ ಪಕ್ಕಕ್ಕೆ ಹರಡಿಕೊಳ್ಳುತ್ತಿತ್ತು. ಓವರ್‌ಡ್ರೈವ್ (ಪಿಕ್ಸೆಲ್ ಬೇಗ ಬಣ್ಣ ಬದಲಿಸುವಂತೆ ತಳ್ಳುವ ಸೆಟ್ಟಿಂಗ್) ಏರಿಸಿದೆ, ಇಳಿಸಿದೆ, ಫರ್ಮ್‌ವೇರ್ ಹಾಕಿದೆ. ಏನು ಮಾಡಿದರೂ ಅಷ್ಟೇ.

ನನ್ನ ಕಣ್ಣೇ ಸುಳ್ಳು ಹೇಳುತ್ತಿದೆಯೋ ಏನೋ ಅಂತ ಫೋನ್ ಸ್ಟ್ಯಾಂಡಿಗೆ ಇಟ್ಟು 240 ಫ್ರೇಮ್‌ನ ಸ್ಲೋ ಮೋಷನ್‌ನಲ್ಲಿ ಪರದೆ ಚಿತ್ರೀಕರಿಸಿದೆ. ಒಂದೊಂದು ಫ್ರೇಮ್ ಎಂದರೆ 4 ಮಿಲಿಸೆಕೆಂಡ್ ಚಿಲ್ಲರೆ. ಬಿಳಿಯಿಂದ ಕಪ್ಪಿಗೆ ಹೋಗುವಾಗ ಒಂದೆರಡು ಫ್ರೇಮ್‌ನಲ್ಲಿ ಕೆಲಸ ಮುಗಿಯುತ್ತಿತ್ತು. ಕಪ್ಪಿನಿಂದ ಕಡುಬೂದು ಬಣ್ಣಕ್ಕೆ ಹೋಗುವಾಗ ಮಾತ್ರ ಆರು ಫ್ರೇಮ್, ಒಮ್ಮೊಮ್ಮೆ ಏಳು. ಅಂದರೆ ಸುಮಾರು 25 ಮಿಲಿಸೆಕೆಂಡ್. 240 ಹರ್ಟ್ಜ್‌ನಲ್ಲಿ 4.17 ಮಿಲಿಸೆಕೆಂಡಿಗೊಂದು ಹೊಸ ಚಿತ್ರ ಬರುತ್ತದೆ. ಒಂದು ಚಿತ್ರ ಪೂರ್ತಿ ಮೂಡುವಷ್ಟರಲ್ಲಿ ಅದರ ಮೇಲೆ ಐದಾರು ಹೊಸ ಚಿತ್ರ ಬಂದು ಕೂತಿರುತ್ತವೆ. ಇನ್ನು 240 ಇದ್ದು ಏನು ಬಂತು? ಡಬ್ಬದ ಮೇಲಿನ ಆ 1 ಮಿಲಿಸೆಕೆಂಡ್ ಎಂಪಿಆರ್‌ಟಿ (ಓಡುವ ಚಿತ್ರ ಕಣ್ಣಿಗೆ ಎಷ್ಟು ಮಸುಕಾಗಿ ಕಾಣುತ್ತದೆ ಎಂಬ) ಲೆಕ್ಕ. ಬ್ಯಾಕ್‌ಲೈಟ್ ಮಿಟುಕಿಸಿ ಅಳೆದದ್ದು, ಪಿಕ್ಸೆಲ್ ಬಣ್ಣ ಬದಲಿಸುವ ವೇಗಕ್ಕೂ ಅದಕ್ಕೂ ಸಂಬಂಧವಿಲ್ಲ. ಸಣ್ಣ ಅಕ್ಷರದಲ್ಲಿ ಬರೆದಿದ್ದರು ಕೂಡ.

ವಾಪಸ್ ಕೊಟ್ಟೆ. ಮಾರಿದವರು "ಇದು ದೋಷ ಅಲ್ಲ, ಪ್ಯಾನೆಲ್ ಇರೋದೇ ಹಾಗೆ" ಎಂದು ಡಬ್ಬ ತೆರೆದಿದ್ದಕ್ಕೆ ಒಂದಷ್ಟು ಹಿಡಿದುಕೊಂಡು ಉಳಿದದ್ದು ಕೊಟ್ಟರು. ಸಾಗಣೆಯೂ ಸೇರಿ ಬೆಲೆಯ ಹತ್ತರಲ್ಲಿ ಒಂದು ಪಾಲು ಕೈಬಿಟ್ಟಿತು. ವಿಎ ಎಲ್ಲವೂ ಹೀಗೇ ಎನ್ನುತ್ತಿಲ್ಲ, ದುಬಾರಿಯವುಗಳಲ್ಲಿ ಇದನ್ನು ಬಹಳ ಮಟ್ಟಿಗೆ ಸರಿಮಾಡಿದ್ದಾರೆ. ಅಗ್ಗದ ಬೆಲೆಗೆ ಜಾಸ್ತಿ ಹರ್ಟ್ಜ್ ಕೊಡುತ್ತೇವೆ ಎನ್ನುವವರು ಉಳಿಸುವುದು ಎಲ್ಲಿ ಅಂತ ಮಾತ್ರ ಅವತ್ತು ಗೊತ್ತಾಯಿತು.

ಆಮೇಲೆ ಮಾನಿಟರ್ ನೋಡುವುದನ್ನೇ ಬಿಟ್ಟೆ. ನನ್ನ ಪಿಸಿ ಏನು ಕೊಡುತ್ತದೆ ಅಂತ ಮೊದಲು ಅಳೆದೆ. ಎಲ್ಲರೂ ತಲೆಕೆಳಗಾಗಿ ಮಾಡುವುದು ಇದನ್ನೇ: ಪರದೆ ಕೊಂಡು, ಆಮೇಲೆ ಎಫ್‌ಪಿಎಸ್ (ಪಿಸಿ ಸೆಕೆಂಡಿಗೆ ತಯಾರಿಸುವ ಫ್ರೇಮ್) ಯಾಕೆ ಬರುತ್ತಿಲ್ಲ ಎಂದು ತಲೆ ಕೆರೆದುಕೊಳ್ಳುವುದು. ನಾನು ದಿನಾ ಆಡುವುದು ಸಿಎಸ್2, ಅಂದರೆ ಕೌಂಟರ್-ಸ್ಟ್ರೈಕ್ 2 ಎಂಬ ಶೂಟಿಂಗ್ ಗೇಮ್. ಹಳೇ 60 ಹರ್ಟ್ಜ್ ಪರದೆಯಲ್ಲೇ ಎಫ್‌ಪಿಎಸ್ ಮಿತಿ (ಕ್ಯಾಪ್) ತೆಗೆದು, ನಿಜವಾದ ಮ್ಯಾಚ್‌ಗಳಲ್ಲಿ ಫ್ರೇಮ್‌ಟೈಮ್ (ಒಂದೊಂದು ಫ್ರೇಮ್‌ಗೆ ಹಿಡಿಯುವ ಸಮಯ) ಲಾಗ್ ಮಾಡಿಕೊಂಡೆ. ಬಾಟ್‌ಗಳ ಜೊತೆಯ ಆಟ, ಖಾಲಿ ಮ್ಯಾಪ್ ಇವೆಲ್ಲ ಲೆಕ್ಕಕ್ಕಿಲ್ಲ. ಸರಾಸರಿ 210ರ ಆಸುಪಾಸು ಬಂತು. ಅದನ್ನು ನೋಡಿ ಖುಷಿಪಡುವ ಮೊದಲು 1% ಲೋ (ಅತಿ ನಿಧಾನದ ನೂರರಲ್ಲೊಂದು ಪಾಲು ಫ್ರೇಮ್‌ಗಳ ಎಫ್‌ಪಿಎಸ್) ನೋಡಿದೆ: 115, 120. ಎರಡು ಸ್ಮೋಕ್ (ಹೊಗೆ ಗ್ರೆನೇಡ್) ಬಿದ್ದು, ಐದೂ ಜನ ಒಂದೇ ಸೈಟಿಗೆ ನುಗ್ಗಿದಾಗ ಬರುವ ಅಂಕಿ ಅದು. ಗುಂಡು ಹಾರುವುದೂ ಆಗಲೇ ತಾನೆ? ಗೋಡೆ ನೋಡುತ್ತಾ ನಿಂತಾಗ 280 ಬಂದರೆ ಯಾರಿಗೆ ಬೇಕು.

ರೆಸಲ್ಯೂಷನ್ ಇಳಿಸಿ ನೋಡಿದೆ. ಲೋ ಅಲುಗಲಿಲ್ಲ. ಅಂದರೆ ಸಿಪಿಯು ಏದುಸಿರು ಬಿಡುತ್ತಿದೆ, ಗ್ರಾಫಿಕ್ಸ್ ಕಾರ್ಡ್ ಸುಮ್ನೆ ಕೂತಿದೆ. ಹಾಗಿದ್ದ ಮೇಲೆ 1080ಪಿಯಲ್ಲೇ (1920×1080 ಪಿಕ್ಸೆಲ್) ಯಾಕೆ ಇರಬೇಕು, 1440ಪಿಗೆ (2560×1440) ಹೋಗಬಹುದಲ್ಲ?

ಇದನ್ನು ದುಡ್ಡು ಹಾಕದೆ ಪರೀಕ್ಷಿಸಲು ದಾರಿ ಇದೆ. ಎನ್ವಿಡಿಯಾ ಡ್ರೈವರ್‌ನಲ್ಲಿ ಡಿಎಸ್‌ಆರ್ ಎಂದಿದೆ, ಎಎಂಡಿಯವರು ವಿಎಸ್‌ಆರ್ ಎನ್ನುತ್ತಾರೆ. 1080ಪಿ ಪರದೆಯಲ್ಲಿ 1.78 ಪಟ್ಟು ಆರಿಸಿದರೆ ಕಾರ್ಡ್ ಒಳಗೊಳಗೇ 1440ಪಿ ಚಿತ್ರ ಬರೆದು, ಕುಗ್ಗಿಸಿ ತೋರಿಸುತ್ತದೆ. ಕಾರ್ಡ್ ಮೇಲಿನ ಹೊರೆ ಹೆಚ್ಚುಕಮ್ಮಿ 1440ಪಿಯದ್ದೇ. ಹೀಗೆ ಆಡಿದಾಗ ಸರಾಸರಿ 210ರಿಂದ 165ರ ಹತ್ತಿರಕ್ಕೆ ಇಳಿಯಿತು. ಲೋ ಎಲ್ಲಿತ್ತೋ ಅಲ್ಲೇ ನಿಂತಿತು, ಹೆಚ್ಚೆಂದರೆ ನಾಲ್ಕೈದು ಕಮ್ಮಿ. ಅಲ್ಲಿಗೆ ತೀರ್ಮಾನ ಆಯಿತು: 27 ಇಂಚು, 1440ಪಿ, 165 ಹರ್ಟ್ಜ್, ವಿಆರ್‌ಆರ್ (ಎಫ್‌ಪಿಎಸ್‌ಗೆ ತಕ್ಕಂತೆ ಪರದೆಯ ಹರ್ಟ್ಜ್ ತಾನೇ ಬದಲಾಗುವುದು; ಜಿ-ಸಿಂಕ್ ಅದರ ಎನ್ವಿಡಿಯಾ ಹೆಸರು) ಇರುವ ಐಪಿಎಸ್. ನನ್ನ ಪಿಸಿ ತುಂಬಿಸಬಲ್ಲ ಪಾತ್ರೆ ಅಷ್ಟೇ ದೊಡ್ಡದು.

ಗುಂಪಿನಲ್ಲಿ ಇದನ್ನು ಹೇಳಿದಾಗ ಜೋರು ವಾದ. ಕಮ್ಮಿ ಎಫ್‌ಪಿಎಸ್ ಇದ್ದರೂ 240ರಲ್ಲಿ ಒಂದೊಂದು ಫ್ರೇಮ್ ಪರದೆ ಮೇಲೆ ಬೇಗ ಬರೆದು ಮುಗಿಯುತ್ತದೆ ಎಂದರು. ನಿಜ, ಒಪ್ಪುತ್ತೇನೆ. ಎಷ್ಟು ಬೇಗ ಅಂತ ಕೂಡಿಸಿ ನೋಡಿ. 60ರಿಂದ 144ಕ್ಕೆ ಹೋದರೆ ಫ್ರೇಮಿಗೆ 9.7 ಮಿಲಿಸೆಕೆಂಡ್ ಉಳಿತಾಯ. 165ರಿಂದ 240ಕ್ಕೆ ಹೋದರೆ 1.9. ಆ 1.9ಕ್ಕೆ ಕೇಳುತ್ತಿದ್ದದ್ದು ದುಪ್ಪಟ್ಟು ದುಡ್ಡು. ಟೂರ್ನಮೆಂಟ್ ಆಡಿ ಹೊಟ್ಟೆ ಹೊರೆಯುವವರಿಗೆ ಅದು ಬೇಕು. ನನಗೆ ಬೇಡ.

ಹಳೇ ಮಾನಿಟರ್ ಕೊಳ್ಳುವಾಗ ನಾನು ಮಾರುವವರ ಮನೆಗೆ ಲ್ಯಾಪ್‌ಟಾಪ್ ಹಿಡಿದುಕೊಂಡೇ ಹೋಗುವುದು. ಯುಎಫ್‌ಒ ಟೆಸ್ಟ್ (ಹಾರುವ ತಟ್ಟೆ ಓಡಿಸಿ ಮಸುಕು ತೋರಿಸುವ ವೆಬ್ ಪುಟ) ಹಾಕಿ ಓವರ್‌ಡ್ರೈವ್‌ನ ಎಲ್ಲ ಹಂತ ನೋಡುತ್ತೇನೆ. ಸೆಕೆಂಡಿಗೆ 960 ಪಿಕ್ಸೆಲ್ ವೇಗದಲ್ಲಿ ಓಡುವ ತಟ್ಟೆ 60 ಹರ್ಟ್ಜ್‌ನಲ್ಲಿ 16 ಪಿಕ್ಸೆಲ್‌ನಷ್ಟು ಮಸುಕಾಗಿ ಕಾಣುತ್ತದೆ, 165ರಲ್ಲಿ ಸುಮಾರು 6, 240ರಲ್ಲಿ 4. ಪ್ಯಾನೆಲ್ ಎಷ್ಟೇ ಒಳ್ಳೆಯದಿದ್ದರೂ ಇದಕ್ಕಿಂತ ಚೊಕ್ಕ ಬರುವುದಿಲ್ಲ. ಇದಕ್ಕಿಂತ ಕೆಟ್ಟದಾಗಿದ್ದರೆ ಅದು ಪ್ಯಾನೆಲ್‌ನ ಸೋಮಾರಿತನ.

ಇಷ್ಟನ್ನು ಬಹಳ ಜನ ಮಾಡುತ್ತಾರೆ. ಬಿಡುವುದು ಮುಂದಿನದನ್ನು. 165ರಲ್ಲಿ ಚೆನ್ನಾಗಿ ಕಂಡ ಓವರ್‌ಡ್ರೈವ್ ಹಂತವನ್ನು ಹಾಗೇ ಇಟ್ಟು, ವಿಆರ್‌ಆರ್ ಆನ್ ಮಾಡಿ, ಒಂದು ಗೇಮ್ ತೆರೆದು 70 ಎಫ್‌ಪಿಎಸ್‌ಗೆ ಲಾಕ್ ಮಾಡಿ. ಓಡುವ ವಸ್ತುವಿನ ಬೆನ್ನಿಗೆ ಬೆಳ್ಳಗಿನ ಪ್ರಭೆ ಕಾಣಿಸಿಕೊಂಡರೆ ಅದು ಓವರ್‌ಶೂಟ್. ಪೂರ್ತಿ ವೇಗಕ್ಕೆ ಹದ ಮಾಡಿದ ಓವರ್‌ಡ್ರೈವ್ ನಿಧಾನದಲ್ಲಿ ಅತಿಯಾಗುತ್ತದೆ. ಎಫ್‌ಪಿಎಸ್ ಏರಿಳಿದಾಗಲೆಲ್ಲ ಮಾನಿಟರ್‌ನ ಮೆನುಗೆ (ಓಎಸ್‌ಡಿ) ಹೋಗಿ ಹಂತ ಬದಲಿಸುತ್ತಾ ಕೂರಲು ಆಗುತ್ತದೆಯೇ? ನಾನು ನೋಡಿದ ಮೂರ್ನಾಲ್ಕು ಮಾನಿಟರ್‌ಗಳಲ್ಲಿ ಮೇಲ್ನೋಟಕ್ಕೆ ಹೊಳೆಯುತ್ತಿದ್ದವು ಇಲ್ಲೇ ಸೋತವು. ನಾನು ಕೊಂಡದ್ದು ಮಧ್ಯದ ಹಂತದಲ್ಲಿ 70ಕ್ಕೂ, 165ಕ್ಕೂ ಗಟ್ಟಿಯಾಗಿ ನಿಂತಿತು.

ಇನ್ನೊಂದು, 144ರ ಪ್ಯಾನೆಲನ್ನೇ ಓವರ್‌ಕ್ಲಾಕ್ ಮಾಡಿ 165 ಎನ್ನುವವು ಇವೆ. ಫ್ರೇಮ್ ಸ್ಕಿಪ್ ಟೆಸ್ಟ್ ಹಾಕಿ, ಕ್ಯಾಮೆರಾದ ಶಟರ್ ಸೆಕೆಂಡಿನ ಹತ್ತನೇ ಒಂದು ಭಾಗಕ್ಕೆ ಇಟ್ಟು ಫೋಟೋ ತೆಗೆದರೆ ಚೌಕಗಳು ಸಾಲಾಗಿ ಬರಬೇಕು. ನಡುವೆ ಹಲ್ಲು ಉದುರಿದ್ದರೆ ಫ್ರೇಮ್ ನುಂಗುತ್ತಿದೆ ಎಂದರ್ಥ. ಕತ್ತಲ ಕೋಣೆಯಲ್ಲಿ ಮೂಲೆಗಳ ಬ್ಲೀಡ್ (ಸೋರುವ ಬೆಳಕು) ನೋಡುವುದು ಎಲ್ಲರಿಗೂ ಗೊತ್ತು. ಕಡುಬೂದು ಪರೀಕ್ಷೆಗೆ ನಾನೇ ಮಾಡಿಕೊಂಡ ಒಂದು ಚಿತ್ರ ಇದೆ, ಯಾವ ಬೂದುಗಳು ಅಂತ ಹೇಳುವುದಿಲ್ಲ. ಚೌಕಾಸಿಯಲ್ಲಿ ನನಗೆ ಬಹಳ ಕೆಲಸಕ್ಕೆ ಬಂದ ಚಿತ್ರ ಅದು, ಮಾರುವವರೂ ಇದನ್ನು ಓದುತ್ತಿರಬಹುದು!

ಒಟ್ಟಿನಲ್ಲಿ ಹೊಸ 240ರ ಬೆಲೆಯ ನಲವತ್ತು ಪರ್ಸೆಂಟ್ ಆಸುಪಾಸಿಗೆ ಮಾನಿಟರ್ ಮನೆಗೆ ಬಂತು. ಬಂದ ದಿನವೇ ಕೇಬಲ್ ಕಾಟ. ಅವರು ಕೊಟ್ಟ ಎಚ್‌ಡಿಎಂಐ ಹಾಕಿದರೆ ವಿಂಡೋಸ್‌ನಲ್ಲಿ 144ರ ಮೇಲೆ ಕಾಣಿಸುತ್ತಲೇ ಇಲ್ಲ. ಎಚ್‌ಡಿಎಂಐ 2.0ರಲ್ಲಿ 1440ಪಿಗೆ ಅಷ್ಟೇ ಜಾಗ ಇರುವುದು. ಮನೆಯಲ್ಲಿದ್ದ ಅಗ್ಗದ ಡಿಸ್‌ಪ್ಲೇಪೋರ್ಟ್ ಕೇಬಲ್ ಹಾಕಿದೆ. 165 ಬಂತು, ಪಿಸಿಗೆ ಬೇರೆ ದೆವ್ವ ಹಿಡಿಯಿತು. ಆಫ್ ಮಾಡಿದರೂ ಬೋರ್ಡಿನ ಲೈಟ್ ಸಣ್ಣಗೆ ಉರಿಯುತ್ತದೆ, ಆನ್ ಮಾಡಿದರೆ ಒಂದೊಂದು ಸಲ ಬೂಟ್ ಆಗುವುದಿಲ್ಲ. 20ನೇ ಪಿನ್ ಕರಾಮತ್ತು ಅದು. ನಿಯಮದ ಪ್ರಕಾರ ಕೇಬಲ್‌ನಲ್ಲಿ ಆ ಪಿನ್‌ಗೆ ತಂತಿ ಇರಬಾರದು. ಅಗ್ಗದವುಗಳಲ್ಲಿ ಕೆಲವರು ಜೋಡಿಸಿಬಿಟ್ಟಿರುತ್ತಾರೆ, ಮಾನಿಟರ್‌ನ 3.3 ವೋಲ್ಟ್ ಉಲ್ಟಾ ಕಾರ್ಡಿಗೆ ಹರಿಯುತ್ತದೆ. ವೆಸಾ (ಡಿಸ್‌ಪ್ಲೇಪೋರ್ಟ್ ನಿಯಮ ಮಾಡುವ ಸಂಸ್ಥೆ) ಸರ್ಟಿಫೈಡ್ ಕೇಬಲ್ ತಂದೆ, ದೆವ್ವ ಬಿಟ್ಟಿತು.

ಆಮೇಲೆ ಸುಮ್ನೆ ಇರಲಾಗದೆ ಸ್ಟ್ರೋಬಿಂಗ್ (ಬ್ಯಾಕ್‌ಲೈಟ್ ಮಿಟುಕಿಸುವುದು) ಹಾಕಿ ನೋಡಿದೆ. 120 ಹರ್ಟ್ಜ್‌ನಲ್ಲಿ ಚಿತ್ರ ಕೆತ್ತಿಟ್ಟ ಹಾಗೆ ನಿಲ್ಲುತ್ತದೆ, ಓಡುವವನ ಹೆಸರಿನ ಅಕ್ಷರ ಓದಬಹುದು. ಬೆಳಕು ಮಾತ್ರ ಅರ್ಧಕ್ಕಿಂತ ಕೆಳಗೆ, ಪರದೆಯ ತಳಭಾಗದಲ್ಲಿ ಒಂದರ ಬದಲು ಎರಡೆರಡು ಆಕೃತಿ. ನನ್ನದರಲ್ಲಿ ವಿಆರ್‌ಆರ್ ಜೊತೆಗೆ ಇದು ನಡೆಯುವುದೂ ಇಲ್ಲ. ಒಂದು ಗಂಟೆ ಆಡಿದ ಮೇಲೆ ಕಣ್ಣು ಉರಿ. ಬಿಟ್ಟುಬಿಟ್ಟೆ.

ಇನ್ನೊಂದು ಪ್ರಯೋಗ ಗೋಡೆಯ ವಿದ್ಯುತ್ ಮೀಟರ್‌ದು. ಪಕ್ಕದಲ್ಲಿ 60ರ ಹಳೇ ಪರದೆಯೂ ಇದೆಯಲ್ಲ, ಎರಡೂ ಸೇರಿ ಕಾರ್ಡಿನ ಮೆಮೊರಿ ಕ್ಲಾಕ್ ಕೆಳಗಿಳಿಯಲು ಬಿಡುತ್ತಿರಲಿಲ್ಲ. ಏನೂ ಕೆಲಸವಿಲ್ಲದಾಗಲೂ ಫ್ಯಾನ್ ತಿರುಗುತ್ತಿತ್ತು. ಡೆಸ್ಕ್‌ಟಾಪಿಗೆ 120 ಇಟ್ಟು ಗೇಮಿಗೆ ಮಾತ್ರ 165 ಮಾಡಿದ ಮೇಲೆ ಇಪ್ಪತ್ತು ವ್ಯಾಟ್ ಹತ್ತಿರ ಕಮ್ಮಿಯಾಯಿತು. ಎಲ್ಲ ಕಾರ್ಡುಗಳಲ್ಲೂ ಹೀಗಾಗುವುದಿಲ್ಲ, ನಿಮ್ಮದರಲ್ಲಿ ಒಮ್ಮೆ ನೋಡಿಕೊಳ್ಳಿ.

ನಗುತ್ತಿದ್ದವರನ್ನು ಒಂದು ಭಾನುವಾರ ಕರೆದೆ. ನಾನು ವಾಪಸ್ ಕೊಟ್ಟ ಮಾಡೆಲನ್ನೇ ಒಬ್ಬ ಇಟ್ಟುಕೊಂಡಿದ್ದ, ಹೊತ್ತು ತಂದ. ಎರಡಕ್ಕೂ ಎಫ್‌ಪಿಎಸ್ ಕೌಂಟರ್ ತೆಗೆದು, ಒಬ್ಬೊಬ್ಬರನ್ನೇ ಕೂರಿಸಿ ನನ್ನ ಪಿಸಿಯಲ್ಲೇ ಆಡಿಸಿದೆ. ಬಾಗಿದ ಪರದೆ ಯಾವುದು ಅಂತ ಕಣ್ಣಿಗೇ ಕಾಣುತ್ತದೆ, ಹಾಗಾಗಿ ಹರ್ಟ್ಜನ್ನೇ ಅದಲು ಬದಲು ಮಾಡುತ್ತಿದ್ದೆ: ಅದೇ 240ರ ಪರದೆಯನ್ನು ಒಮ್ಮೆ 165ಕ್ಕೆ, ಒಮ್ಮೆ 240ಕ್ಕೆ. ಯಾವುದು ಯಾವಾಗ ಅಂತ ಹೇಳಲು ಒಬ್ಬನನ್ನು ಬಿಟ್ಟು ಯಾರ ಕೈಲೂ ಆಗಲಿಲ್ಲ. ಆ ಒಬ್ಬ ಮಾತ್ರ ಪ್ರತಿ ಸಲ ಸರಿಯಾಗಿ ಹೇಳಿದ, ಅವನ ಕಣ್ಣೇ ಬೇರೆ. ಆಮೇಲೆ ಎರಡೂ ಪರದೆಯಲ್ಲಿ ಟಾರ್ಕೊವ್ ರಾತ್ರಿ ಹಾಕಿದೆ. ಎಲ್ಲರೂ ನನ್ನದರ ಕಡೆಯೇ ಕೈ ತೋರಿಸಿದರು, ಮಾನಿಟರ್ ಹೊತ್ತು ತಂದವನೂ ಸೇರಿ.

ಉಳಿದ ದುಡ್ಡಿಗೆ ದೊಡ್ಡ ಕ್ಯಾಶ್ ಮೆಮೊರಿ ಇರುವ ಸಿಪಿಯು ಹಾಕಿದೆ, ಹಳೇದನ್ನು ಮಾರಿ ಸ್ವಲ್ಪ ಸೇರಿಸಬೇಕಾಯಿತು. ಈಗ ಸ್ಮೋಕ್ ಬಿದ್ದಾಗಲೂ ಲೋ 150ರ ಕೆಳಗೆ ಹೋಗುವುದು ಅಪರೂಪ. ರಿಫ್ಲೆಕ್ಸ್ (ಎನ್ವಿಡಿಯಾದ ತಡ ತಗ್ಗಿಸುವ ಸೆಟ್ಟಿಂಗ್), ಜಿ-ಸಿಂಕ್, ವಿ-ಸಿಂಕ್ (ಫ್ರೇಮ್ ಹರಿಯದಂತೆ ತಡೆಯುವುದು) ಮೂರನ್ನೂ ಆನ್ ಇಟ್ಟರೆ ತಾನಾಗೇ 158ರ ಹತ್ತಿರ ಕ್ಯಾಪ್ ಹಾಕಿಕೊಳ್ಳುತ್ತದೆ, ಗ್ರಾಫ್ ನೇರ ಗೆರೆ. ಹರಿದ ಫ್ರೇಮ್ ಇಲ್ಲ, ತಡವರಿಕೆ ಇಲ್ಲ.

ಡಬ್ಬದ ಮೇಲೆ ಎಚ್‌ಡಿಆರ್ 400 (ಬೆಳಕು-ಕತ್ತಲಿನ ಅಂತರ ಹೆಚ್ಚು ತೋರಿಸುವ ಸೌಲಭ್ಯದ ಕೆಳಗಿನ ದರ್ಜೆ) ಸ್ಟಿಕರ್ ಇದೆ, ಒಂದೇ ಸಲ ಆನ್ ಮಾಡಿ ಆಫ್ ಮಾಡಿದೆ. ಲೋಕಲ್ ಡಿಮ್ಮಿಂಗ್ (ಪರದೆಯ ಭಾಗ ಭಾಗಕ್ಕೆ ಬೆಳಕು ತಗ್ಗಿಸುವುದು) ಇಲ್ಲದ ಐಪಿಎಸ್‌ನಲ್ಲಿ ಅದರಿಂದ ಏನೂ ಸಿಗುವುದಿಲ್ಲ. ಅದಕ್ಕೆ ಒಳ್ಳೆಯ ಲೋಕಲ್ ಡಿಮ್ಮಿಂಗ್ ಇಲ್ಲವೇ ಓಎಲ್‌ಇಡಿ (ಒಂದೊಂದು ಪಿಕ್ಸೆಲ್ಲೂ ತಾನೇ ಬೆಳಗುವ ಪರದೆ) ಬೇಕು. ಗುಂಪಿನಲ್ಲಿ ಒಬ್ಬ ಓಎಲ್‌ಇಡಿ ತಂದಿದ್ದಾನೆ, ಕಡುಬೂದು ಚಿತ್ರ ಹಾಕಿ ನೋಡಿದೆ, ಬಾಲವೇ ಇಲ್ಲ. ಮೆನು ಲೋಡ್ ಆಗುವಾಗ ಮಾತ್ರ ಎಫ್‌ಪಿಎಸ್ ಕುಪ್ಪಳಿಸಿ ಪರದೆ ಮಿನುಗುತ್ತದೆ, ವಿಆರ್‌ಆರ್ ಆಫ್ ಮಾಡಿದರೆ ನಿಲ್ಲುತ್ತದೆ. ನನ್ನದರ ನಾಲ್ಕು ಪಟ್ಟು ಬೆಲೆ. ಅವನು ಅದನ್ನು ಮಾರುವ ದಿನ ಬರಲಿ, ಲ್ಯಾಪ್‌ಟಾಪ್ ಹಿಡಿದುಕೊಂಡು ಹೋಗುತ್ತೇನೆ.