ಅಂಗಡಿಯ ಯೀಸ್ಟ್ ಹಾಕದೆ ಮಾಡಿದ ಮನೆವೈನು

ಯೀಸ್ಟ್ ಹಾಕದೆಯೇ ಬೆಂಗಳೂರು ಬ್ಲೂ ದ್ರಾಕ್ಷಿಯಿಂದ ವೈನು ಮಾಡುತ್ತೇನೆಂದಾಗ ಮಂಗಳೂರಿನ ನಮ್ಮ ಬಳಗದಲ್ಲಿ ಒಬ್ಬರೂ ಒಪ್ಪಲಿಲ್ಲ. ಹಬೆಯಲ್ಲಿ ಬೇಯಿಸುವ ಅಕ್ಕಿ ತಿಂಡಿ ಸನ್ನಾದ ಹಿಟ್ಟನ್ನು, ತಾನಾಗಿಯೇ ಹುದುಗುವ ಶೇಂದಿಯಿಂದ ಉಬ್ಬಿಸುತ್ತಾ ಬಂದವರು ನಾವು. ಹಣ್ಣು ತಾನಾಗಿಯೇ ಹುದುಗುತ್ತದೆಂಬುದನ್ನು ನಂಬಲು ಇಷ್ಟು ಹಿಂಜರಿದದ್ದು ನನಗೆ ನೋವು ತಂದಿತ್ತು. ಕಳೆದ ಕ್ರಿಸ್ಮಸ್‌ಗೆ ಹಬ್ಬದ ತಿಂಡಿಗಳಾದ ಕುಸ್ವಾರಿನ ತಟ್ಟೆಯ ಪಕ್ಕದಲ್ಲಿ ಅದನ್ನೇ ಇಟ್ಟಾಗ, ಎಲ್ಲರಿಗಿಂತ ಹೆಚ್ಚು ಆಕ್ಷೇಪಿಸಿದ್ದ ದೊಡ್ಡಪ್ಪನವರೇ ಎರಡನೆಯ ಲೋಟ ಕೇಳಿದರು.

ಅದಕ್ಕೆ ಮೊದಲು ಎರಡು ವರ್ಷ ಸೋತಿದ್ದೆ. ಮೊದಲ ಸಲ ಹಣ್ಣನ್ನು ಉಪ್ಪುನೀರಿನಲ್ಲಿ ಉಜ್ಜಿ ತೊಳೆದುಬಿಟ್ಟೆ. ಸಿಪ್ಪೆಯ ಮೇಲಿದ್ದ ಕಾಡು ಯೀಸ್ಟ್ ಹೊರಟುಹೋಗಿ, ಐದು ದಿನವಾದರೂ ಭರಣಿಯಲ್ಲಿ ಗುಳ್ಳೆ ಏಳದೆ, ಕೊನೆಗೆ ಮೇಲೆ ಬೂಸ್ಟು ಕಟ್ಟಿತು. ಮರುವರ್ಷ ಹುದುಗು ಚೆನ್ನಾಗಿಯೇ ಬಂದಿತ್ತು, ಆದರೆ ಸೋಸಿದ ರಸವನ್ನು ಅರ್ಧ ಖಾಲಿಯಿದ್ದ ಭರಣಿಯಲ್ಲೇ ಬಿಟ್ಟದ್ದರಿಂದ ಗಾಳಿ ತಾಗಿ, ಹನ್ನೆರಡು ಲೀಟರೂ ವಿನೆಗರ್ ಆಯಿತು. ಅದರಲ್ಲಿ ಸ್ವಲ್ಪ, ವಿನೆಗರ್ ಹಾಕಿ ಮಾಡುವ ಹಂದಿಮಾಂಸದ ಅಡುಗೆ ಇಂದಾದಿಗೆ ಬಳಕೆಯಾಯಿತು. ಹೊಸ ಭರಣಿಯ ಖರ್ಚೂ ಸೇರಿ ಸುಮಾರು 4,500 ರೂಪಾಯಿ ಹೋಯಿತು.

ತೊಳೆಯದೆ ಹಾಕಬೇಕಾದರೆ ಔಷಧಿ ಸಿಂಪಡಿಸದ ಹಣ್ಣೇ ಬೇಕು. ಆದ್ದರಿಂದ ಮೂರನೆಯ ವರ್ಷ ದೊಡ್ಡಬಳ್ಳಾಪುರದ ಕಡೆಯ ತೋಟವೊಂದರಿಂದ, ಪೇಟೆಯಲ್ಲಿ ಕಿಲೋಗೆ 50 ರೂಪಾಯಿ ಇದ್ದುದನ್ನು 70 ಕೊಟ್ಟು, 20 ಕಿಲೋ ತಂದೆ. ಚೆನ್ನಾಗಿ ಮಾಗಿದ ಅರ್ಧ ಕಿಲೋ ಹಣ್ಣನ್ನು ಅಂದೇ ಕಿವುಚಿ, ಬಟ್ಟೆ ಕಟ್ಟಿ ಇಟ್ಟೆ. ಮೂರನೆಯ ದಿನ ನೊರೆಯೆದ್ದು ಶೇಂದಿಯ ವಾಸನೆ ಬಂದ ಮೇಲೆ ಉಳಿದ ಹಣ್ಣನ್ನೂ ಕಿವುಚಿ ಅದನ್ನು ಬೆರೆಸಿದೆ. ಮಾರ್ಚಿನ ಸೆಕೆಗೆ ಹುದುಗು ಮಿತಿಮೀರದಂತೆ ಭರಣಿಯನ್ನು ನೀರಿನ ಟಬ್ಬಿನಲ್ಲಿಟ್ಟು ಒದ್ದೆ ಗೋಣಿ ಸುತ್ತಿದ್ದೆ. ಮೇಲೆದ್ದ ಸಿಪ್ಪೆಯನ್ನು ದಿನಕ್ಕೆ ಮೂರು ಸಲ ಮರದ ಸೌಟಿನಿಂದ ಒತ್ತುವಾಗ, ಹಸಿರು ತಿರುಳಿನ ನಡುವೆ ಬಣ್ಣ ಗೆರೆಗೆರೆಯಾಗಿ ಇಳಿಯುತ್ತಿತ್ತು. ಕಿವಿಗೊಟ್ಟರೆ ಸಣ್ಣ ಮಳೆಯ ಸದ್ದು ಕೇಳುತ್ತಿತ್ತು.

ಈ ದ್ರಾಕ್ಷಿಯಲ್ಲಿ ಹುಳಿ ಹೆಚ್ಚು, ಸಿಹಿ ಕಡಿಮೆ. ಲೀಟರಿಗೆ ಸುಮಾರು 17 ಗ್ರಾಂ ಸಕ್ಕರೆಗೆ ಒಂದು ಶೇಕಡಾ ಮದ್ಯಸಾರವೆಂಬ ಲೆಕ್ಕದಲ್ಲಿ ಸಕ್ಕರೆಯನ್ನು ಮೂರು ಪಾಲು ಮಾಡಿ ಹಾಕಿದೆ. ಮೂರನೆಯ ಪಾಲನ್ನು ಯಾವ ಲಕ್ಷಣ ನೋಡಿ ಹಾಕಬೇಕೆಂಬುದು ಅಜ್ಜಿ ನನ್ನೊಬ್ಬಳಿಗೇ ಹೇಳಿಕೊಟ್ಟದ್ದು, ಅದನ್ನು ಬರೆಯುವುದಿಲ್ಲ.

ಹಳೆಯ ಪದ್ಧತಿಯಂತೆ ಒಂದು ಸಣ್ಣ ಭರಣಿಗೆ ಗೋಧಿ ಹಾಕಿಯೂ ನೋಡಿದೆ, ತಿಂಗಳುಗಟ್ಟಲೆ ತಿಳಿಯಾಗಲಿಲ್ಲ. ಕೊಡಗಿನವರಂತೆ ವೀಳ್ಯದೆಲೆಯಲ್ಲಿ ಮಾಡಿದ ಎರಡು ಲೀಟರು ಮಾತ್ರ ಸೊಗಸಾಗಿ ಬಂತು, ಖಾರ ನಾಲಗೆಯ ಹಿಂಬದಿಯಲ್ಲಿ ನಿಲ್ಲುತ್ತದೆ.

ಸೋಸಿದ್ದನ್ನು ಗಾಜಿನ ಜಾಡಿಗಳಲ್ಲಿ ಕಂಠದವರೆಗೆ ತುಂಬಿ, ಎರಡು ಸಲ ಗಷ್ಟು ಬಿಟ್ಟು ಬಸಿದು, ಡಿಸೆಂಬರ್‌ವರೆಗೆ ಮುಟ್ಟಲಿಲ್ಲ. ಪ್ರಯಾಣವೂ ಸೇರಿ ಲೀಟರಿಗೆ 190 ರೂಪಾಯಿ ಬಿದ್ದಿರಬಹುದು. ಐದು ಸೀಸೆಗಳನ್ನು ಇನ್ನೊಂದು ವರ್ಷಕ್ಕೆಂದು ಮುಚ್ಚಿಟ್ಟಿದ್ದೇನೆ; ಬರುವ ಮಾರ್ಚಿಗೆ ಅದೇ ತೋಟದಲ್ಲಿ 40 ಕಿಲೋ ಹೇಳಿಟ್ಟಾಗಿದೆ, ಅದರಲ್ಲಿ ಅರ್ಧ ದೊಡ್ಡಪ್ಪನವರ ಪಾಲು.