ಕಾಸರಗೋಡಿನಲ್ಲಿ ಹೆಸರಿನ ಮೂಲ ಹುಡುಕುವ ಬಗೆ

ಹೆಸರೊಂದರ ಅರ್ಥ ತಿಳಿಯಬೇಕಾದರೆ ಮೊದಲು ಅದನ್ನು ಆಧಾರ್ ಕಾರ್ಡಿನ ಇಂಗ್ಲಿಷ್ ಕಾಗುಣಿತದಿಂದ ಬಿಡಿಸಿ, ಮನೆಯ ಹಿರಿಯರು ಕರೆಯುವಂತೆಯೇ ಕನ್ನಡದಲ್ಲಿ ಬರೆದುಕೊಳ್ಳಿ. ರೋಮನ್ ಲಿಪಿಯಲ್ಲಿ ನ-ಣ, ಲ-ಳಗಳ ಭೇದ ಅಳಿದುಹೋಗುವುದರಿಂದ ಅಲ್ಲಿಂದ ಹೊರಟ ಹುಡುಕಾಟ ದಾರಿ ತಪ್ಪುವುದೇ ಹೆಚ್ಚು. 1956ರ ನವೆಂಬರ್ 1ರವರೆಗೆ ಕಾಸರಗೋಡು ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿದ್ದುದರಿಂದ, ಅದಕ್ಕಿಂತ ಹಳೆಯ ಜಾಗದ ಪತ್ರಗಳಲ್ಲಿ ಕನ್ನಡ ರೂಪ ಸಿಗುವ ಸಂಭವವುಂಟು.

ಬಳಿಕ ಹೆಸರನ್ನು ಬಿಡಿಸಿ ನೋಡಿ. ಅಪ್ಪ, ಅಮ್ಮ, ಅಕ್ಕ, ಚಿಕ್ಕದು ಎಂಬರ್ಥದ ಮಲಯಾಳಂನ ಕುಂಞಿ ಮುಂತಾದವನ್ನು ತೆಗೆದಿಟ್ಟರೆ ಉಳಿದ ಭಾಗವನ್ನು ಪರಿಶೀಲಿಸುವುದು ಸುಲಭ. ಇಲ್ಲಿ ತುಳುವಿನ ವಾರಗಳನ್ನು ಬಲ್ಲವರಿಗೆ ಅರ್ಧ ಕೆಲಸ ಮುಗಿದಂತೆಯೇ: ಐತಪ್ಪ ಐತಾರ, ಅಂದರೆ ಭಾನುವಾರ ಹುಟ್ಟಿದವನು, ಅಂಗಾರ ಮಂಗಳವಾರದವನು, ತುಕ್ರ ಶುಕ್ರವಾರದವನು, ತನಿಯ ಶನಿವಾರದವನು. ಇವು ಒರಟು ಹೆಸರುಗಳೆಂದು ಮೂಗು ಮುರಿಯುವವರು, ತುಕ್ರನಲ್ಲಿರುವುದು ಸಂಸ್ಕೃತದ ಶುಕ್ರನೇ ಎಂಬುದನ್ನು ಗಮನಿಸಬೇಕು.

ನೆರೆಮನೆಯ ಹೆಸರುಗಳಿಗೆ ಇನ್ನೂ ದೂರ ಹೋಗಬೇಕಾಗುತ್ತದೆ. ಮೊಯ್ದೀನ್ ಎಂಬುದು ಧರ್ಮಕ್ಕೆ ಮರುಜೀವ ಕೊಡುವವನೆಂಬ ಅರ್ಥದ ಅರಬಿ ಮುಹಿಯುದ್ದೀನ್. ಕೊಂಕಣಿ ಕ್ರೈಸ್ತರ ಜುವಾಂವ್, ದೇವರು ಕೃಪಾಳು ಎಂಬ ಹೀಬ್ರೂ ಹೆಸರು ಪೋರ್ಚುಗೀಸರ ಬಾಯಲ್ಲಿ ಪಡೆದ ರೂಪ. ಪೆದ್ರುವಿನ ಹಿಂದೆ ಬಂಡೆ ಎಂಬರ್ಥದ ಗ್ರೀಕ್ ಪದವಿದೆ.

ಕೊನೆಗೆ, ಊಹೆಯನ್ನು ನಿಘಂಟಿನಲ್ಲಿ ಪರೀಕ್ಷಿಸಿ: ಮಲಯಾಳಂಗೆ ಗುಂಡರ್ಟರದು (1872), ತುಳುವಿಗೆ ಮ್ಯಾನರ್ ಅವರದು (1886), ಕನ್ನಡಕ್ಕೆ ಕಿಟ್ಟೆಲರದು (1894). ಮಗುವಿಗೆ ಹೆಸರು ಸೂಚಿಸುವ ಜಾಲತಾಣಗಳು ಯಾವ ಹೆಸರಿಗೂ ಸಂಸ್ಕೃತದ ಚೆಂದದ ಅರ್ಥ ಅಂಟಿಸಬಲ್ಲವು. ಧಾತು ತೋರಿಸದ ಅರ್ಥವನ್ನು ಒಪ್ಪಬೇಡಿ.