ಜರ್ಮನ್ ಟಾರ್ಪೆಡೊ ದೋಣಿಯ ಒಳಗೆ ಯಾವ ಎಂಜಿನ್ ಇತ್ತು? ಕಂಡುಹಿಡಿಯುವುದು ಹೀಗೆ

ಟಾರ್ಪೆಡೊ ದೋಣಿ ಅಂದರೆ ನೀರಿನಡಿ ಓಡಿ ಶತ್ರು ಹಡಗಿಗೆ ಬಡಿದು ಸಿಡಿಯುವ ಟಾರ್ಪೆಡೊ ಬಿಡುವ, ವೇಗದ ಚಿಕ್ಕ ಯುದ್ಧನೌಕೆ. ಮೊದಲನೇ ಮಹಾಯುದ್ಧದ ಕಾಲದ ಜರ್ಮನ್ ಟಾರ್ಪೆಡೊ ದೋಣಿಗಳ ಫೋಟೊ ನೋಡಿದರೆ ಎಲ್ಲವೂ ಅಣ್ಣತಮ್ಮಂದಿರ ಹಾಗೆ ಕಾಣುತ್ತವೆ. ಹೆಸರೂ ಇಲ್ಲ, ಒಂದು ಅಕ್ಷರ, ಒಂದು ಸಂಖ್ಯೆ, ಅಷ್ಟೇ. ಆದರೆ ಅಷ್ಟರಿಂದಲೇ ಒಳಗಿನ ಯಂತ್ರದ ಬಗ್ಗೆ ಅರ್ಧ ಗೊತ್ತಾಗುತ್ತದೆ.

ಮೊದಲು ಅಕ್ಷರ ನೋಡಿ. ಅದು ಕಟ್ಟಿದವರ ಗುರುತು. ಎಸ್ ಅಂದರೆ ಎಲ್ಬಿಂಗ್ ಊರಿನ ಶಿಖಾವ್, ವಿ ಅಂದರೆ ಷ್ಟೆಟಿನ್‌ನ ವುಲ್ಕಾನ್, ಜಿ ಅಂದರೆ ಕೀಲ್‌ನ ಗೆರ್ಮಾನಿಯಾ, ಬಿ ಅಂದರೆ ಹ್ಯಾಂಬರ್ಗ್‌ನ ಬ್ಲೋಮ್ ಉಂಟ್ ಫಾಸ್. ಎ ಇದ್ದರೆ ಮಾತ್ರ ಈ ಲೆಕ್ಕ ನಡೆಯುವುದಿಲ್ಲ. ಅದು ಕರಾವಳಿಯ ಚಿಕ್ಕ ದೋಣಿ.

ಸಂಖ್ಯೆಯನ್ನು ಸುಮ್ನೆ ನಂಬಬೇಡಿ. 1911ರಲ್ಲಿ ಜರ್ಮನ್ನರು ಮತ್ತೆ 1ರಿಂದ ಎಣಿಸಲು ಶುರುಮಾಡಿದರು. ಹಾಗಾಗಿ ಎಸ್ 13 ಎರಡು ಸಲ ಬರುತ್ತದೆ: ಒಂದು 1880ರ ದಶಕದ್ದು, ಇನ್ನೊಂದು ಯುದ್ಧಕ್ಕೆ ಸ್ವಲ್ಪ ಮೊದಲಿನದು. ಎರಡರ ನಡುವೆ ಎಂಜಿನ್ ಪೂರ್ತಿ ಬದಲಾಗಿದೆ. ಅದಕ್ಕೇ ಮೊದಲು ನೀರಿಗಿಳಿದ ವರ್ಷ ಹುಡುಕಿ.

ವರ್ಷ ಸಿಕ್ಕಿದರೆ ಮುಂದಿನದು ಸುಲಭ. 1899ರ ಎಸ್ 90 ರಲ್ಲಿ ಇದ್ದದ್ದು ಹಳೇ ಪಿಸ್ಟನ್ ಎಂಜಿನ್. ಒಂದೇ ಹಬೆ ಮೊದಲು ಚಿಕ್ಕ ಸಿಲಿಂಡರಿಗೆ, ಅಲ್ಲಿ ಸೊರಗಿದ ಮೇಲೆ ನಡುವಿನದಕ್ಕೆ, ಕೊನೆಗೆ ದೊಡ್ಡದಕ್ಕೆ ಹೋಗಿ, ಮೂರು ಕಡೆ ದುಡಿದು ಕಂಡೆನ್ಸರಿನಲ್ಲಿ ನೀರಾಗಿ ವಾಪಸ್ ಬಾಯ್ಲರಿಗೆ ಬರುತ್ತಿತ್ತು. ಆಮೇಲೆ ಎಸ್ 125 ಟರ್ಬೈನ್ ಹಾಕಿಕೊಂಡು ಬಂತು, ಅಂದರೆ ಹಬೆ ರೆಕ್ಕೆಗಳಿಗೆ ಬಡಿದು ನೇರವಾಗಿ ಚಕ್ರ ತಿರುಗಿಸುವ ಯಂತ್ರ. 1911ರಿಂದ ಈಚೆಗಿನ ದೊಡ್ಡ ದೋಣಿಗಳಲ್ಲಿ ಟರ್ಬೈನೇ ಎಂದು ಬರೆದುಕೊಳ್ಳಿ. ನಡುವಿನ ಕೆಲವು ವರ್ಷ ಮಾತ್ರ ಎರಡೂ ಬೆರೆತಿವೆ, ಒಂದೊಂದನ್ನೇ ನೋಡಬೇಕು.

ಈಗ ನಾನೇ ತುಂಬಾ ದಿನ ಎಡವಿದ ಜಾಗ. ಎಸ್ 90 ರ ಶಕ್ತಿ 5,900 ಪಿಎಸ್, ವಿ 25 ರದ್ದು 23,500 ಪಿಎಸ್ ಎಂದು ಪಟ್ಟಿಯಲ್ಲಿ ಇರುತ್ತದೆ. ಪಿಎಸ್ ಅಂದರೆ ಜರ್ಮನ್ನರ ಅಶ್ವಶಕ್ತಿ. ಎರಡನ್ನೂ ಪಕ್ಕಪಕ್ಕ ಇಟ್ಟು ಭಾಗಿಸಿಬಿಡಬೇಡಿ. ಪಿಸ್ಟನ್ ಎಂಜಿನ್ನಿನದು ಸಿಲಿಂಡರಿನ ಒಳಗೆ ಅಳೆದ ಶಕ್ತಿ, ಅದರಲ್ಲಿ ಸ್ವಲ್ಪ ಎಂಜಿನ್ನಿನ ಸ್ವಂತ ತಿಕ್ಕಾಟಕ್ಕೇ ಹೋಗುತ್ತದೆ. ಟರ್ಬೈನಿಗೆ ಸಿಲಿಂಡರೇ ಇಲ್ಲವಲ್ಲ, ಅದರದನ್ನು ತಿರುಗುವ ಶಾಫ್ಟ್ ಎಷ್ಟು ತಿರುಚಿಕೊಂಡಿತು ಎಂದು ನೋಡಿ ಅಳೆಯುತ್ತಾರೆ. ಪಟ್ಟಿಯಲ್ಲಿ ಪಿಎಸ್ ಪಕ್ಕದಲ್ಲಿ ಸಣ್ಣ ಐ ಇದ್ದರೆ ಮೊದಲನೆಯದು, ಡಬ್ಲ್ಯು ಇದ್ದರೆ ಎರಡನೆಯದು. ಹೇಗೇ ಅಳೆದರೂ ಶಕ್ತಿ ಸುಮಾರು ನಾಲ್ಕು ಪಟ್ಟು ಏರಿದೆ, ವೇಗ ಮಾತ್ರ ಏಳು ನಾಟ್‌ನಷ್ಟು (ಒಂದು ನಾಟ್ ಅಂದರೆ ಗಂಟೆಗೆ ಸುಮಾರು 1.85 ಕಿ.ಮೀ.) ಜಾಸ್ತಿ. ದೋಣಿ ದೊಡ್ಡದಾಯಿತು ನಿಜ, ಆದರೆ ನೀರು ಕೊನೆಯ ಒಂದೊಂದು ನಾಟ್‌ಗೂ ತುಂಬಾ ದುಬಾರಿ ಸುಂಕ ಕೇಳುತ್ತದೆ.

ಇಂಧನಕ್ಕೆ ಬನ್ನಿ. ಎಸ್ 90 ಕ್ಕೆ ಬರೀ ಕಲ್ಲಿದ್ದಲು. 1911ರ ಹೊಸ ಎಣಿಕೆಯ ವಿ 1 ರಲ್ಲಿ ಮೂರು ಬಾಯ್ಲರ್ ಕಲ್ಲಿದ್ದಲಿನವು, ಒಂದು ಎಣ್ಣೆಯದು. ಜರ್ಮನಿಗೆ ಕಲ್ಲಿದ್ದಲು ಮನೆಯ ಸರಕು, ಎಣ್ಣೆ ಹೊರಗಿನಿಂದ ಬರಬೇಕು, ಹಾಗಾಗಿ ಈ ಹಿಂಜರಿಕೆ ಇರಬೇಕು. 1913ರ ಸರಣಿಯ ವಿ 25 ರಿಂದ ಎಲ್ಲವೂ ಎಣ್ಣೆ.

ಫೋಟೊದಲ್ಲಿ ಹೊಗೆ ಕಪ್ಪಗಿದೆ, ಆದ್ದರಿಂದ ಕಲ್ಲಿದ್ದಲು ಎಂದು ತೀರ್ಮಾನ ಮಾಡಬೇಡಿ. ಎಣ್ಣೆಗೆ ಗಾಳಿ ಕಡಿಮೆ ಕೊಟ್ಟರೆ ಅದಕ್ಕಿಂತ ದಟ್ಟ ಹೊಗೆ ಬರುತ್ತದೆ, ಶತ್ರುವಿನ ಕಣ್ಣು ಕಟ್ಟಲು ಬೇಕೆಂದೇ ಬಿಡುತ್ತಿದ್ದರು. ಹೊಗೆಕೊಳವೆ ಎಣಿಸಿ ಬಾಯ್ಲರ್ ಎಷ್ಟು ಎಂದು ಹೇಳುವುದೂ ತಪ್ಪೇ. ವಿ 25 ರಲ್ಲಿ ಕೊಳವೆ ಎರಡು, ಬಾಯ್ಲರ್ ಮೂರು.

ಒಂದು ವಿಚಿತ್ರ ಗುಂಪಿಗೆ ಮಾತ್ರ ಈ ಯಾವ ಲೆಕ್ಕವೂ ಹೊಂದುವುದಿಲ್ಲ. ಬಿ 97, ಬಿ 98 ಮತ್ತು ಅವುಗಳ ಜೊತೆಯವು ಏಕಾಏಕಿ 40,000 ಪಿಎಸ್‌ಗೆ ಜಿಗಿಯುತ್ತವೆ. ಕಾರಣ ಏನು ಗೊತ್ತಾ? ಆ ಟರ್ಬೈನ್‌ಗಳನ್ನು ಮಾಡಿದ್ದು ರಷ್ಯಾದ ಡೆಸ್ಟ್ರಾಯರ್‌ಗಳಿಗೆ, ಅಂದರೆ ಟಾರ್ಪೆಡೊ ದೋಣಿಗಿಂತ ದೊಡ್ಡ ವೇಗದ ಯುದ್ಧನೌಕೆಗಳಿಗೆ. ಯುದ್ಧ ಬಂತು, ಮಾಲು ಅಲ್ಲೇ ಉಳಿಯಿತು, ಅದರ ಸುತ್ತ ಹೊಸ ದೋಣಿ ಕಟ್ಟಿದರು. ಯುದ್ಧ ಸೋತ ಮೇಲೆ ಜರ್ಮನ್ ಹಡಗುಗಳನ್ನು ಸ್ಕಾಟ್ಲೆಂಡಿನ ಉತ್ತರದ ಆರ್ಕ್ನಿ ದ್ವೀಪಗಳ ನಡುವಿನ ಸ್ಕಾಪಾ ಫ್ಲೋದಲ್ಲಿ ಬ್ರಿಟಿಷರು ಕಾವಲಿನಲ್ಲಿ ಇಟ್ಟಿದ್ದರು. 1919ರ ಜೂನ್ 21ರಂದು ಜರ್ಮನ್ನರು ಅವನ್ನು ತಾವೇ ಮುಳುಗಿಸಿದರು, ಬಿ 98 ಟಪಾಲು ಹೊತ್ತು ಅಲ್ಲಿಗೆ ತಲುಪಿದ್ದು ಮರುದಿನ. ಹಾಗಾಗಿ ಬ್ರಿಟಿಷರ ಕೈಗೆ ಸಿಕ್ಕಿಬಿತ್ತು. ಮುಂದೆ ಎಳೆದುಕೊಂಡು ಹೋಗುವಾಗ ಆರ್ಕ್ನಿಯ ಸ್ಯಾಂಡೆ ದ್ವೀಪದ ದಡಕ್ಕೆ ಬಿತ್ತು. ಆ ಅವಶೇಷ ಇನ್ನೂ ಅಲ್ಲೇ ಇದೆ, ನೀರು ಇಳಿದಾಗ ತುಕ್ಕು ಹಿಡಿದ ಕಬ್ಬಿಣ ಮೇಲೆ ಕಾಣುತ್ತದೆ.